ಇಪ್ಪತ್ತೊಂದರ ಕೆಳಗೆ

ಇದು ದೂರದ ಕತೆಯಲ್ಲ ಕೇಳಿ, ನಮ್ಮ ಸೀಮೆಯದೇ. ಬಸವನಕಟ್ಟೆ ಅನ್ನೋ ಊರಲ್ಲಿ ಜವರಮ್ಮ ಅಂತ ಒಬ್ಬ ಹೆಂಗಸಿದ್ದಳು. ಗಂಡ ಇಲ್ಲ, ಹೊಲ ಇಲ್ಲ. ಇದ್ದದ್ದು ಎರಡೇ. ನಾಲ್ಕು ಗಾಲಿಯ ಮೇಲೆ ಕೂತ ಒಂದು ಪೆಟ್ಟಿಗೆ ಅಂಗಡಿ, ಮೂವತ್ತು ದಾಟಿದ ಒಬ್ಬ ಮಗ. ಅಂಗಡಿ ಹೇಳಿದ ಮಾತು ಕೇಳುತ್ತಿರಲಿಲ್ಲ, ಅದರ ಬಾಗಿಲನ್ನು ಈ ಕಡೆ ಮುಚ್ಚಿದರೆ ಆ ಕಡೆ ತೆರೆದುಕೊಳ್ಳುತ್ತಿತ್ತು. ಮಗ ಹೇಳಿದ ಮಾತು ಕೇಳುತ್ತಿದ್ದ. ಕಷ್ಟ ಇದ್ದದ್ದು ಅಲ್ಲೇ.

ಮಗನ ಹೆಸರು ಮಂಟೇಲಿಂಗ. ಊರವರ ಬಾಯಲ್ಲಿ ಮಂಟ. ಆಳು ಆರಡಿ, ಕೈಯಗಲ ಮುಖ, ಮುಖದ ತುಂಬ ನಗು. ಹೇಳಿದ್ದನ್ನ ಹೇಳಿದ ಹಾಗೇ ಮಾಡೋನು. ಕೂದಲೆಳೆಯಷ್ಟು ಆಚೆ ಇಲ್ಲ, ಈಚೆ ಇಲ್ಲ. ಒಲೆ ಮೇಲೆ ಹಾಲಿಟ್ಟು, ಉಕ್ಕೋದು ನೋಡ್ಕೊಳ್ಳೋ ಅಂದರೆ, ಉಕ್ಕಿ ಉಕ್ಕಿ ಒಲೆ ಆರುವ ತನಕ ಕಣ್ಣು ಮಿಟುಕಿಸದೆ ನೋಡುತ್ತಿದ್ದ. ಆಮೇಲೆ, ಚೆನ್ನಾಗಿ ಉಕ್ತು ಕಣವ್ವ ಅನ್ನುತ್ತಿದ್ದ. ಜವರಮ್ಮ ಹಣೆ ಹಣೆ ಚಚ್ಚಿಕೊಳ್ಳುತ್ತಿದ್ದಳು. ಚಚ್ಚಿಕೊಂಡು ಚಚ್ಚಿಕೊಂಡು ಅವಳ ಹಣೆಯ ಕುಂಕುಮದ ಜಾಗ ನುಣ್ಣಗಾಗಿತ್ತು.

ಆ ಅಂಗಡಿಯಲ್ಲಿ ಏನು ಸಿಗುತ್ತಿತ್ತು ಅಂದರೆ ಬಾಳೆಹಣ್ಣು, ಕಡ್ಲೆಮಿಠಾಯಿ, ಬೆಂಕಿಪೊಟ್ಟಣ, ಎಲೆಅಡಿಕೆ. ಜೊತೆಗೆ ಬೀಡಿ, ಸಿಗರೇಟು, ಹೊಗೆಸೊಪ್ಪು. ಆರೋಗ್ಯ ಇಲಾಖೆಯ ಶಶಿರೇಖಾ ಮೇಡಮ್ಮು ಒಂದು ದಿನ ಸ್ಕೂಟರಿನಲ್ಲಿ ಬಂದರು. ಬಂದ ಹೊತ್ತಿಗೆ ಸರಿಯಾಗಿ ಜವರಮ್ಮ ಒಬ್ಬ ಕಾಲೇಜು ಹುಡುಗನಿಗೆ ಸಿಗರೇಟು ಕೊಡುತ್ತಿದ್ದಳು. ಹುಡುಗನಿಗೆ ಮೀಸೆ ಇತ್ತು, ವಯಸ್ಸಿರಲಿಲ್ಲ. ಮೇಡಮ್ಮು ದಂಡ ಹಾಕಿ ಹೇಳಿದರು: ಇಪ್ಪತ್ತೊಂದು ತುಂಬದವರಿಗೆ ತಂಬಾಕು ಮಾರೋ ಹಾಗಿಲ್ಲ, ಇದು ಕಾನೂನು, ಇನ್ನೊಂದು ಸಲ ಸಿಕ್ಕಿದರೆ ಅಂಗಡಿ ಎತ್ತಿಸ್ತೀವಿ. ಅಂಗಡಿ ಎತ್ತಿದರೆ ಒಲೆ ಉರಿಯೋದಿಲ್ಲ ಅಂತ ಜವರಮ್ಮನಿಗೆ ಗೊತ್ತಿತ್ತು.

ಹೋಗುವಾಗ ಮೇಡಮ್ಮು ಅಂಗಡಿಯ ನೆತ್ತಿಗೆ ಒಂದು ತಗಡಿನ ಬೋರ್ಡು ಹೊಡೆಸಿದರು. ಅದರ ನಡುವೆ ಕೆಂಪು ಬಣ್ಣದಲ್ಲಿ ಗೇಣುದ್ದದ ಅಂಕಿ, ಇಪ್ಪತ್ತೊಂದು.

ಮಂಟ ಅದನ್ನು ನೋಡಿದ. ನೋಡುತ್ತಲೇ ನಿಂತ. ಎರಡೇ ಎರಡು ಅಂಕಿ, ಆದರೆ ಅದು ದಿಲ್ಲಿಯಲ್ಲೂ ನಿಂತಿರುತ್ತೆ, ಬಸವನಕಟ್ಟೆಯಲ್ಲೂ ನಿಂತಿರುತ್ತೆ, ಗೌಡನನ್ನೂ ತಡೆಯುತ್ತೆ, ಜೀತದವನನ್ನೂ ತಡೆಯುತ್ತೆ ಅಂತ ಮೇಡಮ್ಮು ಹೇಳಿದ್ದು ಅವನ ಎದೆಗೆ ಇಳಿದುಹೋಯಿತು. ಅವತ್ತಿನಿಂದ ದಿನಾ ಬೆಳಿಗ್ಗೆ ಅಂಗಡಿ ತೆಗೆದವನೇ ಬೋರ್ಡಿಗೆ ಊದುಬತ್ತಿ ಹಚ್ಚಿ ಕೈಮುಗಿಯುತ್ತಿದ್ದ.

ಒಂದು ದಿನ ಜವರಮ್ಮ ಕಣ್ಣು ತೋರಿಸಿಕೊಳ್ಳೋಕೆ ತಾಲೂಕಾಸ್ಪತ್ರೆಗೆ ಹೊರಟಳು. ಅಂಗಡಿ ಮಂಟನ ಪಾಲಿಗೆ ಬಿತ್ತು. ಬಸ್ಸು ಹತ್ತೋ ಮುಂಚೆ ಅವನ ಗಲ್ಲ ಹಿಡಿದು ಹೇಳಿದಳು. "ನೋಡು ಮಗ, ಇಪ್ಪತ್ತೊಂದರ ಕೆಳಗಿರೋರು ಯಾರೇ ಬರ್ಲಿ, ಬೀಡಿ ಕೊಡಬ್ಯಾಡ. ದೇವ್ರೇ ಇಳಿದು ಬಂದ್ರೂ ಕೊಡಬ್ಯಾಡ."

"ಆಯ್ತು ಕಣವ್ವ."

ಮೊದಲು ಬಂದದ್ದು ಬಸ್ ಡ್ರೈವರ್. ಐವತ್ತು ದಾಟಿದ ಮನುಷ್ಯ, ಕಿವಿಯ ಕೂದಲೆಲ್ಲ ಬೆಳ್ಳಗೆ. ಒಂದು ಕಟ್ಟು ಬೀಡಿ ಕೇಳಿದ. ಮಂಟ ಬಗ್ಗಿ ಹೊರಗೆ ಕತ್ತು ಹಾಕಿ ಮೇಲೆ ನೋಡಿದ. ಬೋರ್ಡು ಮೇಲಿದೆ, ಡ್ರೈವರ್ ಕೆಳಗಿದ್ದಾನೆ. ಕೊಡಲಿಲ್ಲ. ಗಾರೆ ಕೆಲಸದವನು ಬಂದ, ಅವನೂ ಕೆಳಗೇ. ಎಂಬತ್ತು ದಾಟಿದ ಈರಮ್ಮಜ್ಜಿ ಹೊಗೆಸೊಪ್ಪಿಗೆ ಬಂದಳು, ಅವಳಂತೂ ಗೂನುಬೆನ್ನಿನವಳು, ಎಲ್ಲರಿಗಿಂತ ಕೆಳಗೆ. ಯಾರಿಗೂ ಕೊಡಲಿಲ್ಲ. ಜನ ಸೇರಿದರು. ಯಾಕೋ ಮಂಟ ಅಂದರೆ, ಎಲ್ರೂ ಇಪ್ಪತ್ತೊಂದರ ಕೆಳಗೆ ನಿಂತಿದ್ದೀರಲ್ಲ, ನಾನೇನು ಮಾಡ್ಲಿ ಅಂದ.

ಜನ ತಲೆಯೆತ್ತಿ ಬೋರ್ಡು ನೋಡಿದರು. ತಲೆ ಇಳಿಸಿ ತಮ್ಮ ಕಾಲು ನೋಡಿಕೊಂಡರು. ನಿಂತದ್ದು ಕೆಳಗೇ, ಸುಳ್ಳಲ್ಲ.

ಅಷ್ಟರಲ್ಲಿ ಎದುರಿನ ಲೈಟುಕಂಬದ ತುದಿಯಲ್ಲಿ ತಂತಿ ಬಿಗಿಯುತ್ತಿದ್ದ ಲೈನ್‌ಮನ್ ಮಂಟನ ಕಣ್ಣಿಗೆ ಬಿದ್ದ. ಮಂಟನ ಮುಖ ಅರಳಿತು. ಒಂದು ಕಟ್ಟು ಬೀಡಿ ತೆಗೆದು ಮೇಲಕ್ಕೆ ಎಸೆದ. ಲೈನ್‌ಮನ್ ಬೀಡಿ ಸೇದುವವನಲ್ಲ, ಬೇಡ ಅಂತ ಕೂಗಿದ. ಮಂಟ ಇನ್ನೊಂದು ಕಟ್ಟು ಎಸೆದು ವಿನಯವಾಗಿ ಹೇಳಿದ. "ಇವತ್ತು ಊರಲ್ಲಿ ಇಪ್ಪತ್ತೊಂದರ ಮ್ಯಾಲಿರೋರು ನೀವೊಬ್ರೇ ಸಾ. ಬ್ಯಾಡ ಅನ್ನಬ್ಯಾಡಿ."

ಸಂಜೆ ಜವರಮ್ಮ ಕಣ್ಣಿಗೆ ಹಸಿರು ಬಟ್ಟೆ ಕಟ್ಟಿಕೊಂಡು ಇಳಿದಳು. ಕತೆ ಕೇಳಿ ಹಣೆ ಹಣೆ ಚಚ್ಚಿಕೊಂಡಳು. ಬೋರ್ಡಲ್ಲ ಕಣೋ, ವಯಸ್ಸು, ಹುಟ್ಟಿದ ಇಸವಿ ನೋಡಬೇಕು ಅಂತ ಬೈದಳು. ಗುರುತಿನ ಕಾರ್ಡು ಕೇಳು, ಅದರಲ್ಲಿ ಎರಡು ಸಾವಿರದ ನಾಲ್ಕಕ್ಕಿಂತ ದೊಡ್ಡ ಅಂಕಿ ಇದ್ದರೆ ಕೊಡಬೇಡ, ಚಿಕ್ಕ ಅಂಕಿ ಇದ್ದರೆ ಕೊಡು, ಕಾರ್ಡು ಹೇಳಿದ್ದೇ ಕೊನೆ ಮಾತು ಅಂತ ಕಲಿಸಿದಳು. ಮಂಟನಿಗೆ ಅಂಕಿ ಓದೋಕೆ ಬರುತ್ತಿತ್ತು. ಆಯ್ತು ಕಣವ್ವ ಅಂದ.

ಮಾರನೇ ದಿನ ಎಲ್ಲ ಸಲೀಸಾಗಿ ನಡೆಯಿತು. ಡ್ರೈವರ್ ಕಾರ್ಡು ತಂದ, ಬೀಡಿ ಸಿಕ್ಕಿತು. ಗಾರೆಯವನು ಕಾರ್ಡು ತಂದ, ಅವನಿಗೂ ಸಿಕ್ಕಿತು. ಈರಮ್ಮಜ್ಜಿ ಸೆರಗಿನ ಗಂಟು ಬಿಚ್ಚಿ ತನ್ನ ಕಾರ್ಡು ಕೊಟ್ಟಳು. ಕಾರ್ಡು ಮಾಡಿದವರ ಕೈ ಎಲ್ಲಿ ಜಾರಿತ್ತೋ, ಅದರಲ್ಲಿ ಎರಡು ಸಾವಿರದ ಒಂಬತ್ತು ಅಂತಿತ್ತು. ಮಂಟ ಎರಡು ಸಲ ಓದಿದ. ಬೆರಳು ಮಡಚಿ ಲೆಕ್ಕ ಹಾಕಿದ. ಆಮೇಲೆ ಕಾರ್ಡನ್ನ ಎರಡೂ ಕೈಯಲ್ಲಿ ವಾಪಸು ಕೊಟ್ಟ.

"ಅಜ್ಜಿ, ನಿಂಗಿನ್ನೂ ಹದಿನಾರು. ಇನ್ನೈದು ವರ್ಷ ತಡ್ಕೊ."

ಈರಮ್ಮಜ್ಜಿ ಬೈಯಬೇಕು ಅಂತ ಬಾಯಿ ತೆರೆದಳು. ಅರವತ್ತು ವರ್ಷದಿಂದ ಬಾಯಿಗೆ ಹೊಗೆಸೊಪ್ಪು ಹಾಕಿಕೊಂಡ ಹೆಂಗಸು, ಇನ್ನೊಂದು ಸಲ ಕೇಳಿದಳು, ಎಷ್ಟು ಅಂದೆ ಮಗ ಅಂತ. ಹದಿನಾರು ಅಂದ. ಕಾರ್ಡು ಹೇಳಿದ್ದೇ ಕೊನೆ ಮಾತು ಅಂದ. ಅಜ್ಜಿ ಕಾರ್ಡನ್ನ ಕಣ್ಣಿಗೊತ್ತಿಕೊಂಡು ಸೆರಗಿನಲ್ಲಿ ಗಂಟು ಹಾಕಿ, ಗೂನುಬೆನ್ನನ್ನ ಎಷ್ಟು ನೆಟ್ಟಗೆ ಮಾಡಬಹುದೋ ಅಷ್ಟು ಮಾಡಿ ನಡೆದುಹೋದಳು. ಹೊಗೆಸೊಪ್ಪು ಕೇಳಲಿಲ್ಲ. ಸಂಜೆ ಹೊತ್ತಿಗೆ ಇಡೀ ಊರಿಗೆ ಸುದ್ದಿ. ಸರ್ಕಾರವೇ ಹದಿನಾರು ಅಂದಿದೆ ಅಂತ ಮನೆಮನೆಗೂ ಹೇಳಿಕೊಂಡು ಬಂದಳು. ತಲೆಗೆ ಎಣ್ಣೆ ಹಚ್ಚಿ, ಒಂದು ಕನಕಾಂಬರ ಮುಡಿದಿದ್ದಳಂತೆ.

ಜವರಮ್ಮ ಹಣೆ ಹಣೆ ಚಚ್ಚಿಕೊಂಡಳು. ಆದರೆ ಆ ರಾತ್ರಿ ಉಂಡು ಮಲಗುವಾಗ ಅವಳಿಗೆ ಒಂದು ನಮೂನೆ ಆಯಿತು. ಅಜ್ಜಿಯ ಸೊಸೆಯರು ಬೈದು ಬಿಡಿಸಲಾಗದ ಚಟ, ಡಾಕ್ಟರು ಹೆದರಿಸಿ ಬಿಡಿಸಲಾಗದ ಚಟ, ಇವನ ಒಂದು ಪೆದ್ದು ಮಾತಿಗೆ ನಿಂತುಹೋಯಿತಲ್ಲ ಅಂತ ಮಗನ ಮುಖ ನೋಡಿದಳು. ಮಗ ಬಾಯಿ ತೆರೆದು ನಿದ್ದೆ ಹೋಗಿದ್ದ.

ಆ ವಾರವೇ ಮೇಡಮ್ಮು ಮತ್ತೆ ಬಂದರು, ಕೈಯಲ್ಲಿ ಅಳತೆ ಟೇಪು. ಶಾಲೆಯಿಂದ ನೂರು ಗಜದೊಳಗೆ ತಂಬಾಕು ಮಾರಕೂಡದು, ಇಲ್ಲಿಗೆ ತೊಂಬತ್ತೆರಡೇ ಗಜ ಇದೆ, ಸರಿಸಿ ಅಂದರು. ಜವರಮ್ಮ, ಮಂಟ ಇಬ್ಬರೂ ಸೇರಿ ಪೆಟ್ಟಿಗೆ ಅಂಗಡಿಯನ್ನ ನಾಲೆ ಕಡೆಗೆ ತಳ್ಳಿ ನಿಲ್ಲಿಸಿದರು. ನಿಲ್ಲಿಸಿ ಆದ ಮೇಲೆ ಜವರಮ್ಮ ಹೇಳಿದಳು. ಕಾರ್ಡಿನ ಗೋಜು ನಾನು ನೋಡ್ಕೋತೀನಿ, ನೀನು ಇದೊಂದು ನೋಡ್ಕೊ. ಶಾಲೆಗೂ ನಮಗೂ ನಡುವೆ ಯಾವತ್ತೂ ನೂರು ಗಜ ಇರಬೇಕು, ಒಂದು ಗಜಾನೂ ಕಮ್ಮಿ ಆಗಕೂಡದು.

ಮಂಟ ನೂರು ಗಜದ ಹಗ್ಗ ಹೊಸೆದ. ದಿನಾ ಬೆಳಿಗ್ಗೆ ಶಾಲೆ ಬಾಗಿಲಿಂದ ಅಳೆದು ನೋಡುತ್ತಿದ್ದ. ನೂರಕ್ಕೆ ನೂರು ಇರುತ್ತಿತ್ತು.

ಆಗಸ್ಟ್ ಹದಿನೈದು ಬಂತು. ಜವರಮ್ಮ ಮನೆಯಲ್ಲಿ ಕಣ್ಣಿಗೆ ಔಷಧಿ ಬಿಟ್ಟುಕೊಂಡು ಮಲಗಿದ್ದಳು. ಶಾಲೆಯಲ್ಲಿ ಬಾವುಟ ಏರಿಸಿದರು. ಆಮೇಲೆ ಹೆಡ್‌ಮಾಸ್ಟರ್ ಗುರುಮಲ್ಲಪ್ಪನವರು ಮುಂದೆ, ಇನ್ನೂರು ಮಕ್ಕಳು ಹಿಂದೆ, ಶಾಲೆ ಪೂರ್ತಿ ಮೆರವಣಿಗೆ ಹೊರಟಿತು. ಹೊರಟದ್ದು ನಾಲೆ ಕಡೆಗೇ. ಮಂಟ ಅಂಗಡಿಯಲ್ಲಿ ಕೂತವನು ನೋಡಿದ. ಶಾಲೆ ಬರುತ್ತಿದೆ. ತೊಂಬತ್ತೈದು ಗಜ. ತೊಂಬತ್ತು ಗಜ.

ಗಾಲಿಗೆ ಕೊಟ್ಟಿದ್ದ ಕಲ್ಲು ಕಿತ್ತ, ಅಂಗಡಿಗೆ ಹೆಗಲು ಕೊಟ್ಟ, ತಳ್ಳಿದ. ಮಕ್ಕಳು ನಡೆದಷ್ಟೂ ತಳ್ಳಿದ. ಮಕ್ಕಳು ಬಲಕ್ಕೆ ತಿರುಗಿದರೆ ಇವನು ಮೊದಲೇ ಬಲಕ್ಕೆ ತಿರುಗಿರುತ್ತಿದ್ದ. ಮೆರವಣಿಗೆ ಸಾಲಾಗಿ ಪೇಟೆಬೀದಿಗೆ ಬರುವಾಗ ಜನ ಕಂಡದ್ದು ಏನಪ್ಪಾ ಅಂದರೆ, ಮುಂದೆ ಒಂದು ಪೆಟ್ಟಿಗೆ ಅಂಗಡಿ, ನೆತ್ತಿಯ ಮೇಲೆ ಕೆಂಪು ಇಪ್ಪತ್ತೊಂದು, ಅದನ್ನು ತಳ್ಳುವ ಆರಡಿ ಆಳು, ಅಲ್ಲಿಂದ ಅಳೆದ ಹಾಗೆ ನೂರು ಗಜ ಬರಿ ರಸ್ತೆ, ಅದರ ಹಿಂದೆ ಇನ್ನೂರು ಮಕ್ಕಳು, ಇನ್ನೂರು ಬಾವುಟ. ತಂಬಾಕಿನ ವಿರುದ್ಧ ಮಾಡಿಸಿರೋ ಟ್ಯಾಬ್ಲೋ ಅಂದುಕೊಂಡರು. ಕಟ್ಟೆ ಮೇಲೆ ಕೂತು ಬೀಡಿ ಸೇದುತ್ತಿದ್ದವರು ಎದ್ದು ನಿಂತರು. ಬೀಡಿ ಬೆನ್ನ ಹಿಂದಕ್ಕೆ ಹೋಯಿತು. ಯಾರೋ ಓಡಿ ಬಂದು ಅಂಗಡಿಗೆ ಚೆಂಡುಹೂವಿನ ಹಾರ ಹಾಕಿದರು.

ಊರು ಸುತ್ತಿದ ಮೆರವಣಿಗೆ ನಾಲೆ ಏರಿ ಮೇಲೆ ಬಂತು. ಮುಂದೆ ನೀರು. ಮಂಟ ನಿಂತ. ಹಿಂದೆ ಗುರುಮಲ್ಲಪ್ಪನವರು ನಿಲ್ಲಲಿಲ್ಲ, ಇನ್ನು ಮೂವತ್ತು ಹೆಜ್ಜೆ ಮುಂದೆ ನೆರಳಿದೆ, ಅಲ್ಲಿ ನಿಂತು ಹಾಡೋಣ ಅಂತ ಮಕ್ಕಳನ್ನ ನಡೆಸಿದರು. ಮೂವತ್ತು ಹೆಜ್ಜೆ ಅವರು ಬಂದರು. ಮೂವತ್ತು ಹೆಜ್ಜೆ ಇವನು ಹೋದ. ಅಂಗಡಿ, ಹಾರ, ಬೀಡಿ, ಬಾಳೆಹಣ್ಣು, ಮಂಟ, ಎಲ್ಲ ನಾಲೆಯೊಳಗೆ. ನೀರು ಎದೆ ಮಟ್ಟ ಇತ್ತು. ಅಂಗಡಿ ವಾಲಿ ಮುಳುಗಿ, ಇಪ್ಪತ್ತೊಂದರ ಬೋರ್ಡು ಮಾತ್ರ ನೀರಿನ ಮೇಲೆ ಕಾಣುತ್ತಿತ್ತು. ಅಲ್ಲಿ ನಿಂತೇ ಮಂಟ ರಾಷ್ಟ್ರಗೀತೆ ಮುಗಿಯುವ ತನಕ ಅಲ್ಲಾಡಲಿಲ್ಲ.

ಸುದ್ದಿ ಕೇಳಿ ಜವರಮ್ಮ ಓಡಿ ಬಂದಳು. ಒಂದು ಕಣ್ಣಲ್ಲಿ ಔಷಧಿ, ಒಂದು ಕಣ್ಣಲ್ಲಿ ನೀರು. ಏರಿಯ ಮೇಲೆ ಶಶಿರೇಖಾ ಮೇಡಮ್ಮು ನಿಂತಿದ್ದದ್ದು ನೋಡಿ ಮುಗಿಯಿತು ನನ್ನ ಬಾಳು ಅಂದುಕೊಂಡಳು. ಮೇಡಮ್ಮು ಮೆತ್ತಗೆ ಹೇಳಿದರು, ಹನ್ನೊಂದು ವರ್ಷದಿಂದ ಈ ಕೆಲಸ ಮಾಡ್ತಿದ್ದೀನಿ ಜವರಮ್ಮ, ಕಾನೂನನ್ನ ಹೀಗೆ ಕಾಪಾಡಿದವರನ್ನ ನಾನು ಕಂಡಿಲ್ಲ ಅಂತ. ಅಷ್ಟು ಹೇಳಿ ಚಪ್ಪಲಿ ಬಿಟ್ಟು ತಾವೂ ಗಾಲಿಗೆ ಕೈ ಹಾಕಿದರು. ಊರವರೂ ಇಳಿದರು. ಅಂಗಡಿ ಮೇಲಕ್ಕೆ ಬಂತು.

ಜವರಮ್ಮನಿಗೆ ಬೈಯದೆ ಇರೋಕೆ ಆಗಲಿಲ್ಲ. ಇನ್ನು ಮೇಲೆ ನಿಂತ ಜಾಗ ಬಿಟ್ಟು ಅಲ್ಲಾಡಬೇಡ, ಯಾರು ಏನು ಮಾಡಿದರೂ ಅಲ್ಲಾಡಬೇಡ ಅಂದಳು. ಆಯ್ತು ಕಣವ್ವ ಅಂದ, ಕಿವಿಯಿಂದ ನೀರು ಕೊಡವುತ್ತ.

ಆ ಊರಲ್ಲಿ ಚೌಡೇಗೌಡರು ಅಂತ ಒಬ್ಬರು ದೊಡ್ಡ ಮನುಷ್ಯರು. ಅವರ ಮಾತಿಗೆ ಎದುರು ಮಾತಿಲ್ಲ. ಅವರ ಒಬ್ಬನೇ ಮಗ ತೇಜಸ್. ಅವನ ಮಾತಿಗೂ ಇಲ್ಲ. ಅವನಿಗೆ ಇಪ್ಪತ್ತೊಂದು ತುಂಬುತ್ತೆ ಅಂತ ಸರ್ಕಲ್‌ನಿಂದ ನಾಲೆ ತನಕ ಫ್ಲೆಕ್ಸು ಕಟ್ಟಿದ್ದರು. ಹುಟ್ಟುಹಬ್ಬದ ಹಿಂದಿನ ದಿನ ಮಧ್ಯಾಹ್ನ ಅವನು ಬೈಕಿನಲ್ಲಿ ಬಂದು ಸಿಗರೇಟು ಕೇಳಿದ. ಅವತ್ತು ಅಂಗಡಿಯಲ್ಲಿ ಜವರಮ್ಮನೂ ಇದ್ದಳು. ಅವಳಿಗೆ ಕೊಡದೆ ಇರೋಕೆ ಭಯ, ಕೊಡೋಕೂ ಭಯ. ಕಡ್ಲೆಮಿಠಾಯಿ ಡಬ್ಬ ಒರೆಸುತ್ತ ಕೂತಳು. ಮಂಟ ಫ್ಲೆಕ್ಸಿನ ತಾರೀಕು ಓದಿದ.

"ನಾಳೆಗೆ ಕಣ್ರಣ್ಣ. ಇವತ್ತಿಲ್ಲ."

ತೇಜಸ್ ನಕ್ಕ. ಒಂದು ದಿನಕ್ಕೆ ಏನಾಗುತ್ತೆ ಅಂದ. ಮಂಟ ಬೋರ್ಡು ತೋರಿಸಿದ. ತೇಜಸ್ ಅಂಗಿ ಹಿಡಿದ. ಮಂಟ ಅಲ್ಲಾಡಲಿಲ್ಲ. ತೇಜಸ್ ಎಲ್ಲರೆದುರಿಗೆ ಕಪಾಳಕ್ಕೆ ಹೊಡೆದ. ಮಂಟ ಅಲ್ಲಾಡಲಿಲ್ಲ. ಕೆನ್ನೆ ಮೇಲೆ ಐದು ಬೆರಳು ಮೂಡಿದವು, ಮುಖದ ನಗು ಹಾಗೇ ಇತ್ತು. ತಲೆಯನ್ನ ಒಂದಿಷ್ಟೂ ತಿರುಗಿಸದೆ, ಇನ್ನೊಂದು ರಾತ್ರಿ ಕಳೀಲಿ ಅಂತ ಸಮಾಧಾನ ಹೇಳಿದ. ಚೌಡೇಗೌಡರ ಮನೆಯವರಿಗೆ ಇಲ್ಲ ಅನ್ನೋ ಮಾತು ಆ ಊರಿನ ಗಾಳಿಗೇ ಹೊಸದು. ತೇಜಸ್ ಇನ್ನೊಂದು ಸಲ ಎತ್ತಿದ ಕೈ ಅರ್ಧಕ್ಕೇ ಇಳಿಯಿತು. ಬೈಕು ಹತ್ತಿ ಹೊರಟುಹೋದ.

ಜವರಮ್ಮ ಮಗನ ಕೆನ್ನೆಗೆ ಕೊಬ್ಬರಿ ಎಣ್ಣೆ ಹಚ್ಚಿ ಹೇಳಿದಳು. ಇವತ್ತು ಕೊಡದೆ ಇದ್ದದ್ದು ಸರಿ, ಆದರೆ ದೊಡ್ಡವರ ಹಗೆ ನಮಗೆ ಬೇಡ, ನಾಳೆ ಇಪ್ಪತ್ತೊಂದು ತುಂಬುತ್ತಲ್ಲ, ತುಂಬಿದ ತಕ್ಷಣ ಮರ್ಯಾದೆಯಿಂದ ಅವನ ಕೈಗೆ ಕೊಟ್ಟುಬಿಡು. ಆಯ್ತು ಕಣವ್ವ ಅಂದ.

ಬೆಳಗಾಯಿತು. ಮಂಟ ಮಿಂದು ಮಡಿ ಪಂಚೆ ಉಟ್ಟ. ಹಿತ್ತಾಳೆ ತಟ್ಟೆ ಬೆಳಗಿದ. ತಟ್ಟೆಯಲ್ಲಿ ವೀಳ್ಯದೆಲೆ, ಅದರ ಮೇಲೆ ಒಂದು ಪ್ಯಾಕು ಸಿಗರೇಟು, ಅದರ ಮೇಲೆ ಒಂದು ದಾಸವಾಳ ಇಟ್ಟ. ನೆಟ್ಟಗೆ ಚೌಡೇಗೌಡರ ಮನೆಗೆ ಹೋದ.

ಅಲ್ಲಿ ಹೋಮ ನಡೆಯುತ್ತಿತ್ತು. ತೇಜಸ್ ರೇಷ್ಮೆ ಪಂಚೆ ಉಟ್ಟು ಮಣೆ ಮೇಲೆ ಕೂತಿದ್ದ. ಪಕ್ಕದಲ್ಲಿ ಅಪ್ಪ, ಅವ್ವ, ಅಜ್ಜಿ, ಸುತ್ತ ನೆಂಟರಿಷ್ಟರು. ಮಂಟ ಎಲ್ಲರ ನಡುವೆ ನಡೆದು ಹೋಗಿ ತಟ್ಟೆ ನೀಡಿದ.

"ನೆನ್ನೆ ಕೇಳಿದ್ರಲ್ಲಣ್ಣ, ಇವತ್ತು ಕಾನೂನು ಬಿಟ್ಟದೆ. ತಕೊಳ್ಳಿ."

ಪುರೋಹಿತರ ಮಂತ್ರ ಅರ್ಧಕ್ಕೆ ನಿಂತಿತು. ಮಗ ಸಿಗರೇಟು ಸೇದುತ್ತಾನೆ ಅನ್ನೋದು ಚೌಡೇಗೌಡರಿಗೆ ಗೊತ್ತಿರಲಿಲ್ಲ. ಊರಿಗೆಲ್ಲ ಗೊತ್ತಿತ್ತು, ಹೇಳುವ ಎದೆ ಯಾರಿಗೂ ಇರಲಿಲ್ಲ. ಗೌಡರು ತಟ್ಟೆ ನೋಡಿದರು. ಮಂಟನ ಕೆನ್ನೆಯ ಮೇಲಿನ ಐದು ಬೆರಳು ನೋಡಿದರು. ಇದು ಯಾರು ಹೊಡೆದದ್ದು ಅಂತ ಕೇಳಿದರು.

"ಅಣ್ಣಾರು."

"ಹೊಡೆದ್ರೂ ಕೊಡ್ಲಿಲ್ವಾ?"

"ಇಪ್ಪತ್ತೊಂದು ತುಂಬಿರಲಿಲ್ವಲ್ಲ ಯಜಮಾನ್ರೇ. ಒಂದು ದಿನ ಕಮ್ಮಿ ಇತ್ತು."

ಯಾರು ಬಂದರೂ ಕೂತಲ್ಲಿಂದ ಏಳದ ಚೌಡೇಗೌಡರು ಎದ್ದು ನಿಂತರು. ಬೈಯುತ್ತಾರೆ, ಹೊಡೆಸುತ್ತಾರೆ ಅಂತ ಜನ ಕಾದರು. ಗೌಡರು ಮಗನ ಕಡೆ ತಿರುಗಿ ನೋಡಿದರು, ಅಷ್ಟೇ. ತೇಜಸ್ ತಲೆ ತಗ್ಗಿಸಿದ. ಎರಡೂ ಕೈ ತೊಡೆಯ ಕೆಳಗೆ ಇಟ್ಟುಕೊಂಡ. ಕೈಗೇ ಕೊಡಬೇಕು ಅಂತ ಅವ್ವ ಹೇಳಿದ್ದಳಲ್ಲ, ಕೈ ಮೇಲೆ ಬರುವ ತನಕ ಮಂಟ ತಟ್ಟೆ ನೀಡಿಕೊಂಡು ನಿಂತೇ ಇದ್ದ. ಹೋಮ ಮುಗಿಯಿತು, ನಿಂತಿದ್ದ. ಊಟದ ಪಂಕ್ತಿ ಎದ್ದಿತು, ನಿಂತಿದ್ದ. ಆ ಕೈ ಮೇಲೆ ಬರಲೇ ಇಲ್ಲ.

ಮಧ್ಯಾಹ್ನ ಜವರಮ್ಮ ನಡುಗುತ್ತ ಬಂದು, ಬಾಗಿಲಲ್ಲೇ ಕೈಮುಗಿದು, ಬುದ್ಧಿ ಇಲ್ಲದ ಕೂಸು, ಹೊಟ್ಟೆಗೆ ಹಾಕ್ಕೊಳ್ಳಿ ಅಂತ ಬೇಡಿಕೊಂಡಳು. ಚೌಡೇಗೌಡರು ಅವಳಿಗೆ ಮಣೆ ಹಾಕಿಸಿದರು. ತಾಯಿಗೂ ಮಗನಿಗೂ ಎಲೆ ಹಾಕಿಸಿ ತಾವೇ ಹೋಳಿಗೆ ಬಡಿಸಿದರು.

ಮನೆಗೆ ಬಂದ ಮೇಲೆ ಆ ನಡುಕವೆಲ್ಲ ಬೈಗುಳವಾಗಿ ಹೊರಗೆ ಬಂತು. ಹಣೆ ಹಣೆ ಚಚ್ಚಿಕೊಂಡು ಹೇಳಿದಳು. "ಮೈ ಮಾತ್ರ ಮೂವತ್ತರದ್ದು ಕಣೋ ನಿಂದು. ನಿಂಗಿನ್ನೂ ಹತ್ತೇ ವರ್ಷ. ಹತ್ತು ವರ್ಷದ ಮಕ್ಕಳು ಮಾಡೋದನ್ನ ಮಾಡ್ಕೊಂಡು ಇರು, ನಾಳೆಯಿಂದ ಅಂಗಡಿ ಕಡೆ ಬರಬ್ಯಾಡ."

ಮಂಟ ಈ ಸಲ ಆಯ್ತು ಕಣವ್ವ ಅನ್ನಲಿಲ್ಲ. ಅವನ ಕಣ್ಣು ಅಗಲವಾದವು. ತನಗೆ ಹತ್ತೇ ವರ್ಷ. ಇಷ್ಟು ದಿನ ಕೈಯಾರೆ ಬೀಡಿ ಮುಟ್ಟಿದ್ದು, ಮಾರಿದ್ದು, ತಟ್ಟೆಯಲ್ಲಿಟ್ಟು ಹೊತ್ತದ್ದು. ಅವನು ತನ್ನ ಎರಡೂ ಕೈಯನ್ನ ಮುಂದೆ ಹಿಡಿದು ಬಹಳ ಹೊತ್ತು ನೋಡಿಕೊಂಡ. ಆಮೇಲೆ ಬಚ್ಚಲಿಗೆ ಹೋಗಿ ಸೀಗೆಪುಡಿ ಹಾಕಿ ತಿಕ್ಕಿ ತಿಕ್ಕಿ ತೊಳೆದ.

ಬೆಳಿಗ್ಗೆ ಜವರಮ್ಮ ಎದ್ದಾಗ ಮಗ ಇಲ್ಲ. ಅಂಗಡಿಯಲ್ಲಿ ಇಲ್ಲ, ನಾಲೆಯಲ್ಲಿ ಇಲ್ಲ. ಬೈದದ್ದು ಅತಿಯಾಯಿತೇನೋ, ಎಲ್ಲಾದರೂ ಹೋಗಿಬಿಟ್ಟನೇನೋ ಅಂತ ಬೀದಿ ಬೀದಿ ಹುಡುಕಿದಳು. ಶಾಲೆಯ ಮಗ್ಗಲಲ್ಲಿ ಹೋಗುವಾಗ ಒಳಗಿನಿಂದ ಮಗ್ಗಿ ಕೇಳಿಸಿತು. ಚಿಲಿಪಿಲಿ ದನಿಗಳ ನಡುವೆ ಒಂದು ಗಡಸು ದನಿ, ಏಳು ಮೂರಲಿ ಇಪ್ಪತ್ತೊಂದು ಅಂತ.

ಕಿಟಕಿಯಲ್ಲಿ ಇಣುಕಿದಳು. ಐದನೇ ಕ್ಲಾಸು. ಮೊದಲ ಬೆಂಚಿನಲ್ಲಿ ಮಂಟ ಕೂತಿದ್ದ. ಮೊಣಕಾಲು ಎದೆಗೆ ತಾಗಿತ್ತು, ತಲೆಗೆ ಎಣ್ಣೆ ಹಚ್ಚಿ ಬೈತಲೆ ತೆಗೆದಿದ್ದ, ಅಕ್ಕಪಕ್ಕ ಒಂದೊಂದು ಮಗು. ಗುರುಮಲ್ಲಪ್ಪನವರು ಹಾಜರಿ ಪುಸ್ತಕ ತೆರೆದು, ಪೆನ್ನು ಹಿಡಿದು, ಏನು ಮಾಡಬೇಕೋ ತಿಳಿಯದೆ ಅವನ ಮುಂದೆ ನಿಂತಿದ್ದರು. ನಗೋಣ ಅಂದರೆ ಆ ಮುಖ ನೋಡಿ ನಗು ಬರುತ್ತಿರಲಿಲ್ಲ. ದೇವರ ಎದುರು ಕೂತವನ ಹಾಗೆ ಕೂತಿದ್ದ.

"ಹುಟ್ಟಿದ ತಾರೀಕು ಏನು ಬರೀಲಪ್ಪ?" ಅಂತ ಕೇಳಿದರು.

"ಅದು ಗೊತ್ತಿಲ್ಲ ಸಾ. ನೆನ್ನೆ ಸಂಜೆಗೆ ಹತ್ತು ಅಂತ ಅವ್ವ ಹೇಳಿದ್ಲು."

ಅಷ್ಟರಲ್ಲಿ ಅವನಿಗೆ ಕಿಟಕಿಯಲ್ಲಿ ಅವ್ವ ಕಂಡಳು. ಜವರಮ್ಮ ಬೈಯಲು ಬಾಯಿ ತೆರೆದಳು, ಹಣೆಗೆ ಕೈ ಎತ್ತಿದಳು. ಕೈ ಅಲ್ಲೇ ನಿಂತಿತು. ಮಂಟ ಬೆಂಚಿನಿಂದ ಎದ್ದು, ಕೈ ಕಟ್ಟಿಕೊಂಡು, ಐದನೇ ಕ್ಲಾಸು ಪೂರ್ತಿ ಕೇಳುವ ಹಾಗೆ ಧೈರ್ಯ ಹೇಳಿದ.

"ನೀ ಹೆದರಬ್ಯಾಡ ಕಣವ್ವ. ಅಂಗಡಿನ ಇನ್ನು ಹನ್ನೊಂದು ವರ್ಷ ನೀನೇ ನೋಡ್ಕೊ. ನಂಗೆ ಇಪ್ಪತ್ತೊಂದು ತುಂಬಿದ ದಿನ ಬೆಳಿಗ್ಗೇನೇ ಬತ್ತೀನಿ."